ಮರ ಹತ್ತುವವರ ಕಾಲಿಗೂ ಕುರ್ಚಿಯಲ್ಲಿ ಕೂರುವವರ ಕಾಲಿಗೂ ಒಂದೇ ಲೆಕ್ಕವೇ? ಅಪಘಾತ ಪರಿಹಾರದ ಬಗ್ಗೆ ಒಂದು ಬಹಿರಂಗ ಪತ್ರ

ಗೆ,
ಗೌರವಾನ್ವಿತ ಕಾರ್ಯನಿರ್ವಾಹಕ ಅಧ್ಯಕ್ಷರು ಮತ್ತು ಸದಸ್ಯರು,
ಕರ್ನಾಟಕ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರ,
ನ್ಯಾಯ ದೇಗುಲ, ಎಚ್. ಸಿದ್ದಯ್ಯ ರಸ್ತೆ, ಬೆಂಗಳೂರು.

ವಿಷಯ: ರಸ್ತೆ ಅಪಘಾತದಲ್ಲಿ ಗಾಯಗೊಂಡ ಕೂಲಿಯವರ ಪರಿಹಾರದ ಲೆಕ್ಕ ಮತ್ತು ಮೇಲ್ಮನವಿಯ ದಾರಿ.

ಮಾನ್ಯರೇ,

ನಾನು ಸಾಗರ ತಾಲ್ಲೂಕಿನವಳು. ನನ್ನ ಅಣ್ಣ ಕೊನೆಗಾರ, ಅಂದರೆ ಅಡಿಕೆ ಮರ ಹತ್ತಿ ಕೊನೆ (ಅಡಿಕೆ ಗೊಂಚಲು) ತೆಗೆಯುವವನು. ಬೈಕಿನಲ್ಲಿ ಮನೆಗೆ ಬರುತ್ತಿದ್ದಾಗ ಹಿಂದಿನಿಂದ ಗೂಡ್ಸ್ ಗಾಡಿ ಗುದ್ದಿ ಅವನ ಬಲ ಮಂಡಿ ಮುರಿಯಿತು. ತಪ್ಪು ಆ ಗಾಡಿಯವನದ್ದೇ ಎಂದು ಪೊಲೀಸರ ಚಾರ್ಜ್‌ಶೀಟ್ ಹೇಳಿತು, ಅಪಘಾತ ಪರಿಹಾರದ ನ್ಯಾಯಮಂಡಳಿಯೂ ಹೇಳಿತು. ಅದರಲ್ಲಿ ಯಾರಿಗೂ ತಕರಾರಿಲ್ಲ. ತಕರಾರು ಇರುವುದು ಮೊತ್ತದ ಬಗ್ಗೆ. ಅದಕ್ಕಾಗಿ ಹೈಕೋರ್ಟಿಗೆ ಮೇಲ್ಮನವಿ ಹಾಕಿದ್ದೇವೆ. ಅದು ಕೋರ್ಟಿನ ಮುಂದಿದೆ, ವಕೀಲರು ವಾದ ಮಾಡುತ್ತಾರೆ. ಅದರ ಬಗ್ಗೆ ಈ ಪತ್ರದಲ್ಲಿ ನಾನು ಏನನ್ನೂ ಕೇಳುವುದಿಲ್ಲ. ಈ ಓಡಾಟದಲ್ಲಿ ನಾನು ಕಣ್ಣಾರೆ ಕಂಡದ್ದು ನಮ್ಮ ಒಂದು ಮನೆಯ ವಿಷಯ ಅಲ್ಲ ಅನ್ನಿಸಿದ್ದರಿಂದ ನಿಮಗೆ ಬರೆಯುತ್ತಿದ್ದೇನೆ.

ಮೊದಲು ನಮ್ಮ ಲೆಕ್ಕವನ್ನೇ ಹೇಳುತ್ತೇನೆ, ಯಾಕೆಂದರೆ ಇಡೀ ಸಮಸ್ಯೆ ಅದರಲ್ಲೇ ಇದೆ. ಮೂಳೆ ಡಾಕ್ಟರು ಪರೀಕ್ಷೆ ಮಾಡಿ ಬಲಗಾಲಿಗೆ 36% ಅಂಗವೈಕಲ್ಯ ಎಂದು ಬರೆದುಕೊಟ್ಟರು. ನ್ಯಾಯಮಂಡಳಿ ಅದರ ಮೂರನೇ ಒಂದು ಭಾಗ ತೆಗೆದುಕೊಂಡು ಇಡೀ ದೇಹಕ್ಕೆ 12% ಎಂದಿತು. ತಿಂಗಳ ಆದಾಯ 12,000 ರೂಪಾಯಿ ಎಂದು ಹಿಡಿಯಿತು. ಅಣ್ಣನಿಗೆ ಆಗ 38 ವರ್ಷ. 36ರಿಂದ 40ರ ವಯಸ್ಸಿನವರಿಗೆ ಗುಣಕ (ವರ್ಷದ ಆದಾಯವನ್ನು ಎಷ್ಟರಿಂದ ಗುಣಿಸಬೇಕು ಎಂಬ ಸಂಖ್ಯೆ) 15 ಎಂದು ಸುಪ್ರೀಂ ಕೋರ್ಟ್ 2009ರಲ್ಲೇ ನಿಗದಿ ಮಾಡಿದೆ. ಹೀಗೆ 12,000ವನ್ನು 12 ತಿಂಗಳಿಂದ, ಆಮೇಲೆ 15ರಿಂದ ಗುಣಿಸಿದರೆ 21,60,000. ಅದರಲ್ಲಿ 12% ಅಂದರೆ 2,59,200 ರೂಪಾಯಿ. ಜೀವನಪೂರ್ತಿ ಕಳೆದುಕೊಂಡ ದುಡಿಮೆಗೆ ಸಿಕ್ಕಿದ್ದು ಇಷ್ಟು. ನೋವಿಗೆ, ಆಸ್ಪತ್ರೆ ಬಿಲ್ಲಿಗೆ, ಮಲಗಿದ್ದ ತಿಂಗಳುಗಳಿಗೆ ಕೊಟ್ಟಿದ್ದು ಬೇರೆ. ಅದರ ಬಗ್ಗೆ ನಮಗೆ ಅಂಥ ದೂರಿಲ್ಲ.

12% ಅಂದರೆ ಅಣ್ಣನ ದುಡಿಯುವ ಶಕ್ತಿಯಲ್ಲಿ 88% ಇನ್ನೂ ಉಳಿದಿದೆ ಎಂದಾಯಿತು ಅಲ್ವಾ? ಕೊನೆಗಾರನ ಕೆಲಸ ನೋಡಿದ ಯಾರೂ ಈ ಮಾತನ್ನು ಒಪ್ಪುವುದಿಲ್ಲ. ಕೊನೆಗಾರ ಎರಡೂ ಪಾದಕ್ಕೆ ತಳೆ (ಮರದ ಮೇಲೆ ಹಿಡಿತ ಸಿಗಲು ಹಾಕುವ ಬಳೆ) ಹಾಕಿಕೊಂಡು, ಕೈಯಿಂದ ಮರ ತಬ್ಬಿ, ಮಂಡಿಯನ್ನು ಎದೆಯ ಹತ್ತಿರದವರೆಗೆ ಎಳೆದುಕೊಂಡು, ಪಾದ ಒತ್ತಿ ಮೇಲೇರುತ್ತಾನೆ. ಪ್ರತಿ ಹೆಜ್ಜೆಗೂ ಮಂಡಿ ಪೂರ್ತಿ ಮಡಚಬೇಕು. ತುದಿಗೆ ಹೋದ ಮೇಲೆ ಇಡೀ ಮೈಯ ಭಾರ ಕಾಲಿನ ಹಿಡಿತದ ಮೇಲೆ. ಆ ಹಿಡಿತದಲ್ಲೇ ನಿಂತು ಕೊನೆ ಕೊಯ್ದು, ಹಗ್ಗದಲ್ಲಿ ಕೆಳಗೆ ಬಿಟ್ಟು, ಮರವನ್ನು ತೂಗಿ ಪಕ್ಕದ ಮರ ಹಿಡಿದು ದಾಟಬೇಕು. ಒಂದೊಂದು ಮರಕ್ಕೂ ಇಳಿದು ಹತ್ತುತ್ತಾ ಕೂತರೆ ದಿನದ ಕೆಲಸ ಮುಗಿಯುವುದಿಲ್ಲ. ಅಣ್ಣನ ಮಂಡಿಯೊಳಗೆ ಈಗ ಪ್ಲೇಟು, ಸ್ಕ್ರೂ ಇವೆ. ಮಂಡಿ ಅರ್ಧ ಮಾತ್ರ ಮಡಚುತ್ತದೆ. ನೆಲದಲ್ಲಿ ಕೂತು ಊಟ ಮಾಡಲು ಆಗುವುದಿಲ್ಲ. ಇನ್ನು ಮರ ಹತ್ತುವುದು ಎಲ್ಲಿಂದ ಬಂತು?

ಪಾಟೀ ಸವಾಲಿನ ದಿನ ನಾನು ಕೋರ್ಟ್ ಹಾಲಿನಲ್ಲೇ ಇದ್ದೆ. ವಿಮಾ ಕಂಪನಿಯ ವಕೀಲರು ಡಾಕ್ಟರನ್ನು ಕೇಳಿದರು: ಇವರು ನಡೆಯಬಹುದಲ್ಲವೇ? ನಡೆಯಬಹುದು ಅಂದರು ಡಾಕ್ಟರು. ಬೇರೆ ಏನಾದರೂ ಕೆಲಸ ಮಾಡಬಹುದಲ್ಲವೇ? ಮಾಡಬಹುದು ಅಂದರು. ಎರಡೂ ಸತ್ಯವೇ. ಆದರೆ ಮರ ಹತ್ತಬಹುದೇ ಎಂದು ಯಾರೂ ಕೇಳಲಿಲ್ಲ. ನಮ್ಮ ಕಡೆಯ ವಕೀಲರೂ ಕೇಳಲಿಲ್ಲ. ಆ ಒಂದು ಪ್ರಶ್ನೆ ಕೇಳದ ಕಾರಣಕ್ಕೆ ಅಣ್ಣನ ಕಸುಬೇ ಕಡತದಿಂದ ಹೊರಗೆ ಉಳಿಯಿತು. ತೀರ್ಪಿನಲ್ಲಿ ಅವನು ‘ಕೂಲಿ ಕೆಲಸಗಾರ’, ಅಷ್ಟೇ.

ಈಗ ಫೈಬರ್ ದೋಟಿ (ಕೊನೆ ಕೊಯ್ಯುವ ಉದ್ದನೆಯ ಕೋಲು) ಬಂದಿದೆಯಲ್ಲ, ನೆಲದ ಮೇಲೆ ನಿಂತೇ ಕೊಯ್ಯಬಹುದಲ್ಲ ಎಂದು ಕೆಲವರು ಹೇಳುತ್ತಾರೆ. ನಮ್ಮ ಕಡೆಯ ತೋಟಗಳನ್ನು ನೋಡಿದವರಿಗೆ ಗೊತ್ತು. ಇಳಿಜಾರು, ನಡುನಡುವೆ ಕಪ್ಪು (ನೀರು ಹರಿದುಹೋಗುವ ಕಾಲುವೆ), ಹೆಜ್ಜೆ ಇಟ್ಟಲ್ಲೆಲ್ಲ ಜಾರುವ ನೆಲ. ಅಷ್ಟುದ್ದದ ದೋಟಿಯನ್ನು ನೆಟ್ಟಗೆ ಹಿಡಿದು, ಕತ್ತೆತ್ತಿ ನೋಡುತ್ತಾ, ಎರಡೂ ಕಾಲು ಗಟ್ಟಿಯಾಗಿ ಊರಿ ನಿಲ್ಲಬೇಕು. ಕುಂಟುವ ಕಾಲಿಗೆ ಅದೂ ಆಗದ ಕೆಲಸ. ಅಣ್ಣ ಈಗ ಅಡಿಕೆ ಆರಿಸುವುದು, ಒಣಗಿಸುವ ಅಂಗಳ ಕಾಯುವುದು ಇಂಥ ಕೆಲಸ ಮಾಡುತ್ತಾನೆ. ಸುಮ್ನೆ ಕೂತಿಲ್ಲ. ಆದರೆ ಮೊದಲಿನ ಅರ್ಧದಷ್ಟೂ ದುಡಿಮೆ ಇಲ್ಲ.

ಮಾನ್ಯರೇ, ಈ ಮೂರನೇ ಒಂದರ ಲೆಕ್ಕ ಯಾವ ಕಾಯ್ದೆಯಲ್ಲೂ ಇಲ್ಲ. ಮೋಟಾರು ವಾಹನ ಕಾಯ್ದೆಯ 168ನೇ ಕಲಂ ಹೇಳುವುದು ನ್ಯಾಯಯುತ ಪರಿಹಾರ ಕೊಡಿ ಅಂತ. ಕೈಗೆ ಅಥವಾ ಕಾಲಿಗೆ ಇಷ್ಟು ಅಂದರೆ ಇಡೀ ದೇಹಕ್ಕೆ ಅದರ ಮೂರರಲ್ಲೊಂದು ಎನ್ನುವುದು ನಮ್ಮಲ್ಲಿ ಬೆಳೆದು ಬಂದ ರೂಢಿ. ದೇಹದ ಲೆಕ್ಕಕ್ಕೆ ಅದು ಸರಿ ಇರಬಹುದು. ದುಡಿಮೆಯ ಲೆಕ್ಕಕ್ಕೆ ಅದನ್ನೇ ತಂದರೆ ಕಷ್ಟ.

ಸುಪ್ರೀಂ ಕೋರ್ಟ್ ಇದನ್ನು 2010ರಲ್ಲೇ ಬಿಡಿಸಿ ಹೇಳಿದೆ. ದೇಹಕ್ಕೆ ಆದ ಊನ ಬೇರೆ, ಅದರಿಂದ ಗಳಿಕೆಗೆ ಬಿದ್ದ ಹೊಡೆತ ಬೇರೆ ಎಂದಿದೆ. ಎಡಗೈ ಕಳೆದುಕೊಂಡವರು ಡ್ರೈವರೋ ಬಡಗಿಯೋ ಆಗಿದ್ದರೆ ಗಳಿಕೆಯ ನಷ್ಟ ಹೆಚ್ಚುಕಡಿಮೆ ನೂರಕ್ಕೆ ನೂರು, ಸರ್ಕಾರಿ ಗುಮಾಸ್ತರಾಗಿದ್ದರೆ ಕೆಲಸವೇ ಹೋಗದೆ ಇರಬಹುದು ಎಂದು ಉದಾಹರಣೆಯನ್ನೂ ಕೊಟ್ಟಿದೆ. ಗಾಯಾಳು ಈಗ ಏನೇನು ಮಾಡಬಲ್ಲ, ಮೊದಲು ಅವನ ಕಸುಬು ಏನಿತ್ತು, ಆ ಕಸುಬಿಗೆ ವಾಪಸು ಹೋಗಬಲ್ಲನೇ ಎಂದು ನೋಡಿ ಆಮೇಲೆ ಶೇಕಡಾ ಹಾಕಬೇಕು ಎಂದಿದೆ. ನಮ್ಮ ರಾಜ್ಯದ್ದೇ ಒಂದು ಪ್ರಕರಣ 2014ರಲ್ಲಿ ತೀರ್ಮಾನವಾಯಿತು. ಬಲಗಾಲು ಕಳೆದುಕೊಂಡ ತರಕಾರಿ ವ್ಯಾಪಾರಿಯ ಕೇಸು ಅದು. ಒಂದು ಕಡೆ ಕೂತು ತರಕಾರಿ ಮಾರಬಹುದಲ್ಲ ಎಂಬ ವಾದವನ್ನು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಸಗಟು ಮಾರುಕಟ್ಟೆಗೆ, ರೈತರ ಹತ್ತಿರ ಹೋಗಿ ಮಾಲು ತರುವುದೂ ಆ ಕಸುಬಿನ ಭಾಗ ಎಂದು ಗುರುತಿಸಿ, ಗಳಿಕೆಯ ನಷ್ಟವನ್ನು 85% ಎಂದು ಹಿಡಿಯಿತು. ಆ ನ್ಯಾಯಮೂರ್ತಿಗಳು ತರಕಾರಿ ಮಾರುವವರ ದಿನ ಹೇಗಿರುತ್ತದೆ ಎಂದು ಯೋಚನೆ ಮಾಡಿದ್ದರು. ನಾವು ಕೇಳುವುದೂ ಅಷ್ಟೇ.

ಅಣ್ಣನ ವಿಷಯದಲ್ಲಿ ಗಳಿಕೆಯ ನಷ್ಟ 60% ಎಂದು ಹಿಡಿದರೂ ಅದೇ 12,000ದ ಮೇಲೆ 12,96,000 ರೂಪಾಯಿ ಆಗುತ್ತದೆ. ಇನ್ನೊಂದು ಮಾತಿದೆ. ಸ್ವಂತ ದುಡಿಮೆಯವರು 40 ವರ್ಷದ ಒಳಗಿದ್ದರೆ ಮುಂದೆ ಹೆಚ್ಚಬಹುದಾಗಿದ್ದ ಆದಾಯಕ್ಕಾಗಿ 40% ಸೇರಿಸಬೇಕು ಎಂದು 2017ರಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಪೀಠ ಹೇಳಿತು. ಅದು ಸಾವಿನ ಪ್ರಕರಣಕ್ಕೆ ಮಾತ್ರ ಅಲ್ಲ, ಶಾಶ್ವತ ಊನವಾದ ಗಾಯಾಳುಗಳಿಗೂ ಸಲ್ಲುತ್ತದೆ ಎಂದು 2020ರಲ್ಲಿ ಸ್ಪಷ್ಟವಾಯಿತು. ನಮಗೆ ಸಿಕ್ಕ ತೀರ್ಪಿನಲ್ಲಿ ಅದು ಸೇರಿಲ್ಲ. ಸೇರಿದ್ದರೆ 18,14,400. ಎರಡೂವರೆ ಲಕ್ಷ ಎಲ್ಲಿ, ಹದಿನೆಂಟು ಲಕ್ಷ ಎಲ್ಲಿ! ನಾವು ಕೇಳಿದಷ್ಟೂ ಸಿಗಲೇಬೇಕು ಎನ್ನುತ್ತಿಲ್ಲ. ಒಂದೇ ಕಾಲು, ಒಂದೇ ಕಾಯ್ದೆ ಇದ್ದೂ ಲೆಕ್ಕದ ಕ್ರಮ ಬದಲಾದರೆ ಇಷ್ಟು ಅಂತರ ಬರುತ್ತದೆ ಎಂಬುದನ್ನು ನೀವು ಗಮನಿಸಬೇಕು.

ಆದಾಯದ ಪಟ್ಟಿಯ ಬಗ್ಗೆಯೂ ಹೇಳಬೇಕು, ಯಾಕೆಂದರೆ ಅದು ನಿಮ್ಮ ಪ್ರಾಧಿಕಾರ, ರಾಜಿಯಲ್ಲಿ ಕೇಸು ಮುಗಿಸುವ ಲೋಕ್ ಅದಾಲತ್‌ಗಾಗಿ ಮಾಡಿದ್ದು. ಅಪಘಾತ ಯಾವ ವರ್ಷ ಆಯಿತೋ ಆ ವರ್ಷಕ್ಕೆ ಇಷ್ಟು ಅಂದಾಜು ಆದಾಯ ಎಂದು ಅದು ಹೇಳುತ್ತದೆ. ದಾಖಲೆ ಇಲ್ಲದ ಬಡವರಿಗೆ ಅದರಿಂದ ತುಂಬಾ ಉಪಕಾರವಾಗಿದೆ. ಅದಿಲ್ಲದಿದ್ದರೆ ಇನ್ನೂ ಕಡಿಮೆ ಹಿಡಿಯುತ್ತಿದ್ದರು ಎಂದು ವಕೀಲರೇ ಹೇಳಿದರು. ಆದರೆ ಕನಿಷ್ಠ ಇಷ್ಟಾದರೂ ಇರಲಿ ಎಂದು ಮಾಡಿದ ಪಟ್ಟಿ ಈಗ ಇದಕ್ಕಿಂತ ಜಾಸ್ತಿ ಇಲ್ಲ ಎನ್ನುವ ಹಾಗೆ ಬಳಕೆಯಾಗುತ್ತಿದೆ. ತೋಟದ ಮಾಮೂಲಿ ಕೂಲಿಗೂ ಕೊನೆಗಾರನ ಕೂಲಿಗೂ ಬಹಳ ವ್ಯತ್ಯಾಸ ಇದೆ. ಕೊನೆಗಾರರು ಸಿಗುವುದೇ ಕಷ್ಟ. ಮಳೆಗಾಲದಲ್ಲಿ ಕೊಳೆರೋಗಕ್ಕೆ ಬೋರ್ಡೋ ಔಷಧಿ ಹೊಡೆಯಲು, ದೀಪಾವಳಿ ಹೊತ್ತಿಗೆ ಕೊನೆ ಕೊಯ್ಲಿಗೆ ತೋಟದವರು ಮೊದಲೇ ಬಂದು ಹೇಳಿ ಹೋಗುತ್ತಾರೆ. ದುಡ್ಡು ಕೈಗೇ ಕೊಡುತ್ತಾರೆ, ರಸೀದಿ ಎಲ್ಲಿಂದ ಬರಬೇಕು? ಅಣ್ಣ ವರ್ಷಗಟ್ಟಲೆ ಕೆಲಸ ಮಾಡಿದ ತೋಟದ ಯಜಮಾನರೊಬ್ಬರು ಕೋರ್ಟಿಗೆ ಬಂದು ಕೂಲಿ ಎಷ್ಟು ಕೊಡುತ್ತಿದ್ದರು ಎಂದು ಸಾಕ್ಷಿ ಹೇಳಿದರು. ಲಿಖಿತ ದಾಖಲೆ ಇಲ್ಲ ಎಂದು ಅದನ್ನು ಬದಿಗಿಟ್ಟರು. ನಮ್ಮ ರಾಜ್ಯದ ಕೂಲಿ ಕಾರ್ಮಿಕರೊಬ್ಬರು ತಿಂಗಳಿಗೆ 4,500 ದುಡಿಯುತ್ತಿದ್ದೆ ಎಂದಾಗ ನ್ಯಾಯಮಂಡಳಿ 3,000 ಎಂದು ಹಿಡಿದಿತ್ತು. 2011ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಸರಿಪಡಿಸಿ 4,500ನ್ನೇ ಒಪ್ಪಿತು. ಕೂಲಿಯವರಿಂದ ಕಾಗದದ ದಾಖಲೆ ನಿರೀಕ್ಷಿಸಲು ಆಗುವುದಿಲ್ಲ, ಎದುರಿನವರ ಕಡೆ ಬೇರೆ ಸಾಕ್ಷ್ಯ ಇಲ್ಲದಿದ್ದರೆ ಅವರ ಮಾತನ್ನು ಒಪ್ಪಬೇಕಿತ್ತು ಎಂದು ಹೇಳಿತು. ಇಷ್ಟು ವರ್ಷವಾದರೂ ಆ ಮಾತು ಎಲ್ಲ ಕಡೆಗೂ ಮುಟ್ಟಿಲ್ಲ.

ಮೇಲ್ಮನವಿ ಹಾಕಬಹುದಲ್ಲ, ಅದಕ್ಕೇ ತಾನೇ ಹೈಕೋರ್ಟ್ ಇರುವುದು ಎಂದು ನೀವು ಕೇಳಬಹುದು. ನಾವು ಹಾಕಿದೆವು. ಆದರೆ ಹಾಕಲು ಆಗದವರ ವಿಷಯ ಕೇಳಿ.

ಆಸ್ಪತ್ರೆಯಲ್ಲಿ ಪರಿಚಯವಾದ ಒಬ್ಬ ಹೆಂಗಸು ಅಡಿಕೆ ಸುಲಿಯುವವರು. ಮೆಟ್ಟುಗತ್ತಿಯ (ಕಾಲಿನಲ್ಲಿ ಮೆಟ್ಟಿ ಹಿಡಿಯುವ ಕತ್ತಿ) ಮುಂದೆ ಕೂತು ಡಬ್ಬದ ಲೆಕ್ಕದಲ್ಲಿ ಸುಲಿಯುತ್ತಿದ್ದರು. ಬಸ್ಸು ತಾಗಿ ಬಲಗೈ ಮಣಿಕಟ್ಟು ಮುರಿಯಿತು. ಮೂಳೆ ಕೂಡಿದೆ, ಆದರೆ ಕೈ ತಿರುಗುವುದಿಲ್ಲ. ಅಡಿಕೆ ಸುಲಿಯುವುದು ಅಂದರೆ ಮಣಿಕಟ್ಟು ತಿರುಗಿಸುವುದೇ. ಅವರ ಅಂಗವೈಕಲ್ಯದ ಮೂರನೇ ಒಂದು ಭಾಗ ತೆಗೆದರೆ ಉಳಿದದ್ದು ತೀರಾ ಸಣ್ಣ ಸಂಖ್ಯೆ. ಸಿಕ್ಕ ಮೊತ್ತಕ್ಕೂ ಅವರು ಕೇಳಬಹುದಾದ ಮೊತ್ತಕ್ಕೂ ಇರುವ ಅಂತರ ಒಂದು ಲಕ್ಷದ ಒಳಗೇ ಬರುತ್ತದೆ ಎಂದು ಅವರ ವಕೀಲರು ಹೇಳಿದರಂತೆ. ಮೋಟಾರು ವಾಹನ ಕಾಯ್ದೆಯ 173ನೇ ಕಲಮಿನ ಪ್ರಕಾರ ವಿವಾದದ ಮೊತ್ತ ಒಂದು ಲಕ್ಷಕ್ಕಿಂತ ಕಡಿಮೆ ಇದ್ದರೆ ಮೇಲ್ಮನವಿಯೇ ಇಲ್ಲ. ಮೊದಲು ಈ ಮಿತಿ 10,000 ಇತ್ತು. 2019ರ ತಿದ್ದುಪಡಿಯಲ್ಲಿ ಒಂದು ಲಕ್ಷ ಆಯಿತು. ಸಣ್ಣ ವ್ಯಾಜ್ಯಗಳು ಹೈಕೋರ್ಟಿಗೆ ಬರಬಾರದು ಎನ್ನುವ ಉದ್ದೇಶ ಅರ್ಥವಾಗುತ್ತದೆ. ವಿಮಾ ಕಂಪನಿಗೆ ತೊಂಬತ್ತು ಸಾವಿರ ಸಣ್ಣದು. ಸುಲಿತದ ಹೆಂಗಸಿಗೆ ಅದು ಒಂದು ಹಂಗಾಮಿನ ದುಡಿಮೆಗಿಂತ ದೊಡ್ಡದು. ಆದಾಯ ಕಡಿಮೆ ಹಿಡಿದಷ್ಟೂ, ಶೇಕಡಾ ಕಡಿಮೆ ಹಿಡಿದಷ್ಟೂ ಅಂತರವೂ ಚಿಕ್ಕದಾಗುತ್ತದೆ, ಮೇಲ್ಮನವಿಯ ಬಾಗಿಲೂ ಮುಚ್ಚುತ್ತದೆ. ಅತಿ ಬಡವರಿಗೇ ಈ ಬಾಗಿಲು ಮೊದಲು ಮುಚ್ಚುವುದು. ಇದು ಸಂಸತ್ತಿನ ಕೆಲಸ, ನಿಮ್ಮ ಕೈಯಲ್ಲಿಲ್ಲ ಎಂದು ಗೊತ್ತು. ಆದರೆ ಗಾಯಾಳು ಹಾಕುವ ಮೇಲ್ಮನವಿಗೆ ಈ ಮಿತಿ ಬೇಡ ಎಂದು ಕೇಂದ್ರಕ್ಕೆ ಬರೆಯಲು ನಿಮ್ಮಷ್ಟು ತೂಕವಿರುವವರು ಬೇರೆ ಯಾರಿದ್ದಾರೆ?

ಲೋಕ್ ಅದಾಲತ್ ಬಗ್ಗೆ ಹೇಳುವಾಗ ನನಗೆ ಸಂಕೋಚವೂ ಇದೆ, ಯಾಕೆಂದರೆ ಅದರಿಂದ ಬೇಗ ದುಡ್ಡು ಸಿಕ್ಕಿ ಸಾಲದಿಂದ ಪಾರಾದ ಮನೆಗಳನ್ನೂ ನೋಡಿದ್ದೇನೆ. ಆದರೆ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 21ನೇ ಕಲಮಿನ ಪ್ರಕಾರ ಅಲ್ಲಿ ಆದ ರಾಜಿಯೇ ಕೊನೆ, ಅದರ ಮೇಲೆ ಅಪೀಲು ಇಲ್ಲ. ಸಹಿ ಹಾಕುವ ಎಷ್ಟು ಜನರಿಗೆ ಇದು ಗೊತ್ತಿರುತ್ತದೆ? ಈಗ ಒಪ್ಪಿಕೊಳ್ಳಿ, ಇಲ್ಲಾಂದ್ರೆ ವರ್ಷಗಟ್ಟಲೆ ಅಲೆಯಬೇಕು ಎಂದು ಹೇಳುವವರು ಸುತ್ತ ಇರುತ್ತಾರೆ. ಕಡಿಮೆ ಅನ್ನಿಸಿದರೆ ಆಮೇಲೆ ನೋಡೋಣ ಎಂದುಕೊಂಡು ಸಹಿ ಹಾಕಿದವರನ್ನು ನಾನು ಭೇಟಿಯಾಗಿದ್ದೇನೆ. ಅವರಿಗೆ ಆಮೇಲೆ ಎನ್ನುವುದೇ ಇರಲಿಲ್ಲ.

ಆದ್ದರಿಂದ ನನ್ನ ಕೋರಿಕೆ ಹೀಗಿದೆ. ರಾಜಿಗೆ ಕೂರುವ ಮೊದಲು ಗಾಯಾಳುವಿಗೆ ಅವರ ಲೆಕ್ಕವನ್ನು ಕನ್ನಡದಲ್ಲಿ, ಒಂದು ಹಾಳೆಯಲ್ಲಿ ಬರೆದು ತೋರಿಸಿ: ಆದಾಯ ಎಷ್ಟು ಹಿಡಿದಿದ್ದಾರೆ, ಗುಣಕ ಎಷ್ಟು, ಶೇಕಡಾ ಎಷ್ಟು, ಯಾಕೆ. ಸಹಿ ಹಾಕಿದರೆ ಅಪೀಲು ಇಲ್ಲ ಎಂಬುದು ಆ ಹಾಳೆಯಲ್ಲೇ ದಪ್ಪ ಅಕ್ಷರದಲ್ಲಿ ಇರಲಿ. ಸಂಧಾನಕಾರರಿಗೂ ನಿಮ್ಮ ಪ್ಯಾನೆಲ್ ವಕೀಲರಿಗೂ (ಉಚಿತ ನೆರವಿಗೆ ನೀವು ನೇಮಿಸುವವರು) ನೀವು ತರಬೇತಿ ಕೊಡುತ್ತೀರಿ. ಮರ ಹತ್ತುವವರು, ಗಾರೆಯವರು, ಹಮಾಲರು, ದರ್ಜಿಗಳು, ಬೀಡಿ ಕಟ್ಟುವವರು ಮೈಯ ಯಾವ ಭಾಗದಿಂದ ದುಡಿಯುತ್ತಾರೆ ಎನ್ನುವುದು ಆ ತರಬೇತಿಯಲ್ಲಿ ಸೇರಲಿ. ಡಾಕ್ಟರು ಸಾಕ್ಷಿ ಹೇಳುವಾಗ ಕಸುಬಿನ ಹೆಸರು ಹಿಡಿದು ಒಂದು ಪ್ರಶ್ನೆ ಕೇಳುವುದನ್ನು ಪ್ಯಾನೆಲ್ ವಕೀಲರಿಗೆ ಕಡ್ಡಾಯ ಮಾಡಿ. ನಿಮ್ಮ ಆದಾಯದ ಪಟ್ಟಿಯ ತಲೆಯ ಮೇಲೆ ಇದು ಕನಿಷ್ಠ ಮಾತ್ರ, ನುರಿತ ಕಸುಬಿನವರಿಗೆ ಸಾಕ್ಷ್ಯ ನೋಡಿ ಹೆಚ್ಚಿಗೆ ಹಿಡಿಯಬಹುದು ಎಂದು ಒಂದು ಸಾಲು ಸೇರಿಸಿ. ಆ ಪಟ್ಟಿಯನ್ನು ಪ್ರತಿ ನ್ಯಾಯಮಂಡಳಿಯ ನೋಟಿಸ್ ಬೋರ್ಡಿನಲ್ಲಿ ಹಾಕಿಸಿ.

ಡಾಕ್ಟರುಗಳ ಕಷ್ಟವನ್ನೂ ನೋಡಿದ್ದೇನೆ. ಆಪರೇಷನ್ ಮಾಡಿದ ಡಾಕ್ಟರು ಕೋರ್ಟಿಗೆ ಬಂದರೆ ಅವತ್ತಿನ ರೋಗಿಗಳು ಕಾಯಬೇಕು. ಅವರು ಬಾರದಿದ್ದರೆ ಬೇರೆ ಡಾಕ್ಟರ ಸರ್ಟಿಫಿಕೇಟ್ ತರಬೇಕು. ಇವರು ಚಿಕಿತ್ಸೆ ಕೊಟ್ಟವರಲ್ಲ ಎಂದು ಅದರ ತೂಕ ಇಳಿಸುತ್ತಾರೆ. ಎರಡೂ ಕಡೆ ಸೋಲುವುದು ಗಾಯಾಳುವೇ. ಚಿಕಿತ್ಸೆ ಕೊಟ್ಟ ಡಾಕ್ಟರಿಗೆ ನಿಗದಿತ ಸಮಯ ಕೊಡಿ, ಇಲ್ಲವೇ ಕಮಿಷನರ ಮೂಲಕ ಸಾಕ್ಷ್ಯ ಪಡೆಯಿರಿ ಎಂದು 2010ರ ಅದೇ ತೀರ್ಪಿನಲ್ಲಿ ಇದೆ. ಈಗ ವಿಡಿಯೊ ಕಾನ್ಫರೆನ್ಸ್ ಕೂಡ ಇದೆ. ಇದನ್ನು ಹೈಕೋರ್ಟಿನ ಗಮನಕ್ಕೆ ತಂದು ಎಲ್ಲ ಜಿಲ್ಲೆಗಳಲ್ಲೂ ರೂಢಿಗೆ ತರಿಸಿ.

ಕೊನೆಯದಾಗಿ, ತೀರ್ಪು ಬಂದ ದಿನದ ಬಗ್ಗೆ. ತೀರ್ಪಿನಿಂದ 90 ದಿನದೊಳಗೆ ಹೈಕೋರ್ಟಿಗೆ ಮೇಲ್ಮನವಿ ಹಾಕಬೇಕು. ಸರಿಯಾದ ಕಾರಣ ಇದ್ದರೆ ತಡವಾದರೂ ಒಪ್ಪುತ್ತಾರೆ, ಆದರೆ ತಡವಾದ ದಿನಗಳ ಬಡ್ಡಿ ಕೈತಪ್ಪುವುದುಂಟು. ಪರಿಹಾರದ ಚೆಕ್ಕು ಪಡೆದರೆ ಅಪೀಲಿನ ಹಕ್ಕು ಹೋಗುತ್ತದೆ ಎಂದು ನಂಬಿರುವವರೂ ಇದ್ದಾರೆ. ಅದು ನಿಜವಲ್ಲ. ಅಂಗವಿಕಲರಿಗೆ, ಹೆಂಗಸರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಕಲಮಿನ ಪ್ರಕಾರ ಉಚಿತ ವಕೀಲರು ಸಿಗುತ್ತಾರೆ, ಹೈಕೋರ್ಟಿನಲ್ಲೂ ಸಿಗುತ್ತಾರೆ. ಇದಕ್ಕಾಗಿಯೇ ಹೈಕೋರ್ಟ್ ಕಾನೂನು ಸೇವೆಗಳ ಸಮಿತಿ ಇದೆ. ಅಪಘಾತದಲ್ಲಿ ಕಾಲು ಊನವಾದವನು ಆ ಊನದ ಕಾರಣಕ್ಕೇ ಈ ನೆರವಿಗೆ ಅರ್ಹನಾಗಬಹುದು. ಸಾಗರದಲ್ಲಿ, ಹೊಸನಗರದಲ್ಲಿ, ಸೊರಬದಲ್ಲಿ ನಾನು ಮಾತಾಡಿಸಿದ ಗಾಯಾಳುಗಳಲ್ಲಿ ಒಬ್ಬರಿಗೂ ಇದು ಗೊತ್ತಿರಲಿಲ್ಲ. ಬೆಂಗಳೂರಿಗೆ ಹೋಗಿ ಕೇಸು ನಡೆಸಲು ದುಡ್ಡೆಲ್ಲಿದೆ ಎಂದು ಕೈಚೆಲ್ಲಿ ಕೂತವರೇ ಹೆಚ್ಚು.

ಇದಕ್ಕೆ ಜಾಸ್ತಿ ಖರ್ಚೇನೂ ಬೇಡ. ತೀರ್ಪಿನ ಪ್ರತಿ ಕೊಡುವಾಗಲೇ ಅದಕ್ಕೆ ಒಂದು ಕನ್ನಡ ಚೀಟಿ ಪಿನ್ ಮಾಡಿ ಕೊಡಿಸಿ. ಮೇಲ್ಮನವಿಗೆ ಕೊನೆಯ ದಿನಾಂಕ ಯಾವುದು, ಚೆಕ್ಕು ಪಡೆದರೂ ಅಪೀಲು ಹಾಕಬಹುದು, ಉಚಿತ ವಕೀಲರಿಗೆ ತಾಲ್ಲೂಕಿನಲ್ಲಿ ಯಾವ ಕಚೇರಿಗೆ ಹೋಗಬೇಕು, ಅಲ್ಲಿನ ಫೋನ್ ನಂಬರ್ ಏನು. ಇಷ್ಟಿದ್ದರೆ ಸಾಕು. ಮುಂದಿನ ರಾಷ್ಟ್ರೀಯ ಲೋಕ್ ಅದಾಲತ್‌ಗೆ ಮೊದಲು ಈ ಚೀಟಿಯೂ ಆ ಲೆಕ್ಕದ ಹಾಳೆಯೂ ನಮ್ಮ ಜಿಲ್ಲೆಯಲ್ಲಾದರೂ ಶುರುವಾಗಲಿ ಎಂದು ಕೇಳಿಕೊಳ್ಳುತ್ತೇನೆ. ಬರೆದುಕೊಡಲು, ಹಳ್ಳಿಗಳಲ್ಲಿ ಹಂಚಲು ನಾನು ಮತ್ತು ನಮ್ಮೂರಿನ ಸ್ವಸಹಾಯ ಸಂಘದ ಹೆಂಗಸರು ತಯಾರಿದ್ದೇವೆ.

ಇಂತಿ ತಮ್ಮ ವಿಶ್ವಾಸಿ,
ಕೊನೆಗಾರರೊಬ್ಬರ ತಂಗಿ,
ಸಾಗರ ತಾಲ್ಲೂಕು, ಶಿವಮೊಗ್ಗ ಜಿಲ್ಲೆ